ಸತ್ತ ದುಂಬಿಗಳು ನಟಿಸಿದ್ದು ಹೇಗೆ? 1912ರ ಒಂದು ಕೀಟ ಸಿನಿಮಾದ ಒಳಗುಟ್ಟು

ಮೊಬೈಲಿಗೆ ಬರುವ ಪ್ರಾಣಿಗಳ ವಿಡಿಯೊ ಯಾವುದೇ ಇರಲಿ, ಈಗ ಅದರ ಬೆನ್ನಿಗೇ ಒಂದು ಪ್ರಶ್ನೆ ಬರುತ್ತದೆ: ‘ಇದು ನಿಜವೋ, ಎಐ ಮಾಡಿದ್ದೋ?’ ಕರಡಿ ಅಂಗಳದಲ್ಲಿ ಕುಣಿದರೂ ಅನುಮಾನ, ಬೆಕ್ಕು ನಾಯಿಮರಿಯನ್ನು ಮುದ್ದಿಸಿದರೂ ಅನುಮಾನ. ನೂರಹತ್ತು ವರ್ಷಗಳ ಹಿಂದೆ ಸಿನಿಮಾ ನೋಡಿದವರ ಪಾಡು ಇದಕ್ಕೆ ತಿರುಗುಮುರುಗು. ತೆರೆಯ ಮೇಲೆ ದುಂಬಿಗಳು ಎರಡು ಕಾಲಲ್ಲಿ ನಡೆದು, ಜಗಳವಾಡಿ, ಕೊಡೆಯಿಂದ ಹೊಡೆದಾಡಿದಾಗ ‘ಇವಕ್ಕೆ ಯಾರೋ ಚೆನ್ನಾಗಿ ತರಬೇತಿ ಕೊಟ್ಟಿದ್ದಾರೆ’ ಎಂದೇ ಹಲವರು ನಂಬಿದ್ದರು. ಅಸಲಿಗೆ ಆ ದುಂಬಿಗಳಿಗೆ ಜೀವವೇ ಇರಲಿಲ್ಲ.

ಅಂಥ ಚಿತ್ರಗಳಲ್ಲಿ ಹೆಚ್ಚು ಹೆಸರಾದದ್ದು 1912ರಲ್ಲಿ ಮಾಸ್ಕೋದಲ್ಲಿ ತಯಾರಾದ ‘ದಿ ಕ್ಯಾಮೆರಾಮನ್ಸ್ ರಿವೆಂಜ್’. ಕನ್ನಡದಲ್ಲಿ ‘ಕ್ಯಾಮೆರಾದವನ ಸೇಡು’ ಎನ್ನಬಹುದು. ಮಾಡಿದವರು ವ್ಲಾಡಿಸ್ಲಾವ್ ಸ್ಟಾರೆವಿಚ್. ಸುಮಾರು 12 ನಿಮಿಷದ ಈ ಮೂಕಿ ಚಿತ್ರ ಇವತ್ತಿಗೂ ಅಂತರ್ಜಾಲದಲ್ಲಿ ನೋಡಲು ಸಿಗುತ್ತದೆ. ಮಾತಿಲ್ಲ, ನಡುನಡುವೆ ಬರಹದ ಪಟ್ಟಿಗಳಿವೆ ಅಷ್ಟೆ.

ಮೊದಲು ಕತೆ

ದುಂಬಿ ದಂಪತಿಯ ಮನೆ. ಗಂಡನಿಗೆ ಮನೆಯಲ್ಲಿ ಬೇಸರ. ‘ಕೆಲಸದ ಮೇಲೆ ಪೇಟೆಗೆ ಹೋಗಿಬರುತ್ತೇನೆ’ ಎಂದು ಹೊರಟವನು ನೇರ ಸೇರುವುದು ಒಂದು ನೈಟ್‌ಕ್ಲಬ್ಬಿಗೆ. ಅಲ್ಲಿ ಕುಣಿಯುವವಳು ಒಬ್ಬ ಏರೋಪ್ಲೇನ್ ಚಿಟ್ಟೆ, ಅಂದರೆ ಡ್ರ್ಯಾಗನ್‌ಫ್ಲೈ. ಅವಳ ಮೇಲೆ ಒಬ್ಬ ಮಿಡತೆಗೂ ಕಣ್ಣಿದೆ. ಇಬ್ಬರಿಗೂ ಜಗಳವಾಗಿ ಮಿಡತೆ ಪೆಟ್ಟು ತಿನ್ನುತ್ತಾನೆ. ದುಂಬಿಗೆ ಗೊತ್ತಿಲ್ಲದ ಸಂಗತಿಯೆಂದರೆ, ಈ ಮಿಡತೆ ಸಿನಿಮಾ ಕ್ಯಾಮೆರಾಮನ್. ಅವನು ಸೈಕಲ್ ಏರಿ ಜೋಡಿಯ ಬೆನ್ನುಹತ್ತುತ್ತಾನೆ, ಅವರು ಉಳಿದ ಹೋಟೆಲಿನ ಕೋಣೆಯ ಬೀಗದ ಕಿಂಡಿಗೆ ಕ್ಯಾಮೆರಾ ಇಟ್ಟು ಎಲ್ಲವನ್ನೂ ಚಿತ್ರೀಕರಿಸುತ್ತಾನೆ.

ಗಂಡ ಮನೆಗೆ ಬಂದರೆ ಹೆಂಡತಿಯ ಜೊತೆ ಒಬ್ಬ ಚಿತ್ರ ಬರೆಯುವ ಕೀಟ! ಮಹಾಶಯನಿಗೆ ಸಿಟ್ಟು ನೆತ್ತಿಗೇರುತ್ತದೆ. ಕೊನೆಗೆ ದೊಡ್ಡ ಮನಸ್ಸು ಮಾಡಿ ‘ಕ್ಷಮಿಸಿ’, ಹೆಂಡತಿಯನ್ನು ಸಿನಿಮಾಕ್ಕೆ ಕರೆದುಕೊಂಡು ಹೋಗುತ್ತಾನೆ. ಅಲ್ಲಿ ಪ್ರೊಜೆಕ್ಟರ್ ಓಡಿಸುವವನು ಅದೇ ಮಿಡತೆ. ತೆರೆಯ ಮೇಲೆ ಬರುವುದು ಅದೇ ಹೋಟೆಲಿನ ದೃಶ್ಯ. ಹೆಂಡತಿಯ ಕೊಡೆ ಮೇಲೇಳುತ್ತದೆ, ಗಂಡ ತೆರೆ ಹರಿದುಕೊಂಡು ನುಗ್ಗುತ್ತಾನೆ, ಪ್ರೊಜೆಕ್ಟರಿಗೆ ಬೆಂಕಿ ಬೀಳುತ್ತದೆ, ಗಂಡ ಹೆಂಡತಿ ಇಬ್ಬರೂ ಜೈಲು ಸೇರುತ್ತಾರೆ.

ಬೆಂಕಿಯ ಪ್ರಸಂಗ ಬರೀ ಗಮ್ಮತ್ತಿಗೆ ಸೇರಿಸಿದ್ದಲ್ಲ. ಆಗಿನ ಫಿಲ್ಮು ನೈಟ್ರೇಟಿನದು, ಕಿಡಿ ತಾಕಿದರೆ ಧಗ್ಗನೆ ಹೊತ್ತಿಕೊಳ್ಳುತ್ತಿತ್ತು. 1897ರಲ್ಲಿ ಪ್ಯಾರಿಸಿನ ಒಂದು ದಾನದ ಮೇಳದಲ್ಲಿ ಪ್ರೊಜೆಕ್ಟರಿನ ದೀಪಕ್ಕೆ ಬಳಸುತ್ತಿದ್ದ ಈಥರಿನಿಂದ ಹೊತ್ತಿದ ಬೆಂಕಿಗೆ ನೂರಕ್ಕೂ ಹೆಚ್ಚು ಜನ ಬಲಿಯಾಗಿದ್ದರು. ಸಿನಿಮಾ ಎಂದರೆ ಬೆಂಕಿಯ ಭಯವೂ ಇದ್ದ ಕಾಲ ಅದು. ಹಾಗಾಗಿ ನೋಡುಗರಿಗೆ ಈ ದೃಶ್ಯವನ್ನು ಬಿಡಿಸಿ ಹೇಳಬೇಕಿರಲಿಲ್ಲ.

ಶುರುವಾದದ್ದು ಮ್ಯೂಸಿಯಮ್ಮಿನಲ್ಲಿ

ಸ್ಟಾರೆವಿಚ್ 1882ರಲ್ಲಿ ಮಾಸ್ಕೋದಲ್ಲಿ ಹುಟ್ಟಿದರು. ಮನೆಯವರು ಪೋಲಿಷ್ ಮಾತಾಡುವವರು, ಮೂಲ ಲಿಥುವೇನಿಯಾ. ಆಗ ಅದು ರಷ್ಯಾ ಸಾಮ್ರಾಜ್ಯದ ಒಂದು ಭಾಗ. ಎಳವೆಯಲ್ಲೇ ತಾಯಿ ತೀರಿಕೊಂಡದ್ದರಿಂದ ಕೌನಸ್ ಎಂಬ ಊರಿನಲ್ಲಿ ಅಜ್ಜಿಮನೆಯಲ್ಲಿ ಬೆಳೆದರು. ಮುಂದೆ ಅದೇ ಊರಿನ ಪ್ರಕೃತಿ ಇತಿಹಾಸ ಮ್ಯೂಸಿಯಮ್ಮಿನ ಹೊಣೆ ಅವರಿಗೆ ಬಂತು. ಸಿನಿಮಾ ಮಂದಿಯಾಗುವ ಮೊದಲು ಅವರು ಕೀಟದ ಮಂದಿ.

ಮ್ಯೂಸಿಯಮ್ಮಿಗಾಗಿ ಅವರು ಸಾರಂಗ ದುಂಬಿಗಳ ಕಾಳಗವನ್ನು ಚಿತ್ರೀಕರಿಸಲು ಹೊರಟರು. ಯುರೋಪಿನ ಅತಿ ದೊಡ್ಡ ದುಂಬಿಗಳಲ್ಲಿ ಇದೊಂದು. ನಮ್ಮ ತೆಂಗಿನ ಸುಳಿ ಕೊರೆಯುವ ಕೊಂಬಿನ ದುಂಬಿಗೆ ದೂರದ ನೆಂಟ. ಗಂಡಿನ ದವಡೆಗಳು ಸಾರಂಗದ ಕೊಂಬಿನಂತೆ ಮುಂದಕ್ಕೆ ಚಾಚಿರುತ್ತವೆ, ಹೆಣ್ಣಿಗಾಗಿ ಗಂಡುಗಳು ಅವನ್ನು ಸಿಕ್ಕಿಸಿಕೊಂಡು ಕುಸ್ತಿಗೆ ಬೀಳುತ್ತವೆ. ನೋಡಲು ಸೊಗಸು, ಹಿಡಿಯಲು ಕಷ್ಟ. ಈ ದುಂಬಿಗಳು ಚುರುಕಾಗುವುದು ಮುಸ್ಸಂಜೆಯ ನಂತರ, ಆಗಿನ ಫಿಲ್ಮಿಗೆ ಬೇಕಾದದ್ದು ಪ್ರಖರ ಬೆಳಕು. ದೀಪ ಹಾಕಿದರೆ ದುಂಬಿಗಳು ಅಲ್ಲಾಡದೆ ಕೂತವು, ಬಿಸಿಗೆ ಸತ್ತೂ ಹೋದವು ಎನ್ನುತ್ತಾರೆ.

ಅದೇ ಹೊತ್ತಿಗೆ ಫ್ರಾನ್ಸಿನ ಎಮಿಲ್ ಕೋಲ್ ಎಂಬುವರು 1908ರಲ್ಲಿ ಮಾಡಿದ್ದ ಬೆಂಕಿಕಡ್ಡಿಗಳ ಚಿತ್ರವೊಂದು ಅವರ ಕಣ್ಣಿಗೆ ಬಿದ್ದಿತ್ತು. ಅದರಲ್ಲಿ ಕಡ್ಡಿಗಳು ತಾವಾಗಿಯೇ ಓಡಾಡುತ್ತವೆ. ಕಡ್ಡಿ ನಡೆಯುವುದಾದರೆ ಸತ್ತ ದುಂಬಿ ಯಾಕೆ ನಡೆಯಬಾರದು? ಸ್ಟಾರೆವಿಚ್ ದುಂಬಿಯ ಕಾಲುಗಳನ್ನು ತೆಗೆದು, ಆ ಜಾಗಕ್ಕೆ ತೆಳು ತಂತಿಯನ್ನು ಅರಗಿನಿಂದ ಅಂಟಿಸಿದರು. ತಂತಿ ಬಗ್ಗಿಸಿದಂತೆ ಬಗ್ಗುತ್ತದೆ, ಬಿಟ್ಟಲ್ಲಿ ನಿಲ್ಲುತ್ತದೆ. 1910ರ ಕಾಳಗದ ಚಿತ್ರ ತಯಾರಾದದ್ದು ಹೀಗೆ. ಮರುವರ್ಷ ಅವರು ಮಾಸ್ಕೋಗೆ ಹೋಗಿ, ರಷ್ಯಾದ ಮೊದಲ ದೊಡ್ಡ ನಿರ್ಮಾಪಕರಲ್ಲಿ ಒಬ್ಬರಾದ ಅಲೆಕ್ಸಾಂಡರ್ ಖಾನ್ಜೊಂಕೊವ್ ಅವರ ಸ್ಟುಡಿಯೊ ಸೇರಿದರು. ಕ್ಯಾಮೆರಾಮನ್ ಮಿಡತೆ ಹುಟ್ಟಿದ್ದು ಅಲ್ಲಿ.

ಸ್ಟಾಪ್ ಮೋಷನ್ ಎಂದರೇನು?

ಈ ವಿಧಾನದ ಹೆಸರು ಸ್ಟಾಪ್ ಮೋಷನ್. ಶಾಲೆಯಲ್ಲಿ ನೋಟ್‌ಬುಕ್ಕಿನ ಮೂಲೆಯಲ್ಲಿ ಪುಟಪುಟಕ್ಕೂ ಒಂದೊಂದು ಗೊಂಬೆ ಬರೆದು, ಹೆಬ್ಬೆರಳಿನಿಂದ ಪುಟಗಳನ್ನು ಸರ್ರನೆ ಬಿಟ್ಟಾಗ ಗೊಂಬೆ ಓಡುತ್ತಿತ್ತಲ್ಲ, ತತ್ವ ಅದೇ. ಇಲ್ಲಿ ಬರೆದ ಗೊಂಬೆಯ ಬದಲು ಕೈಗೆ ಸಿಗುವ ವಸ್ತು, ಪುಟದ ಬದಲು ಫಿಲ್ಮಿನ ಒಂದೊಂದು ಚೌಕ. ಆ ಚೌಕಕ್ಕೆ ಫ್ರೇಮ್ ಎಂದು ಹೆಸರು.

ವಸ್ತುವನ್ನು ಇಟ್ಟು ಒಂದು ಫ್ರೇಮ್ ತೆಗೆಯಬೇಕು. ಕ್ಯಾಮೆರಾ ನಿಲ್ಲಿಸಿ, ವಸ್ತುವನ್ನು ಕೂದಲೆಳೆಯಷ್ಟು ಸರಿಸಿ, ಕೈ ಹಿಂದಕ್ಕೆ ತೆಗೆದುಕೊಂಡು ಇನ್ನೊಂದು ಫ್ರೇಮ್. ಹೀಗೇ ಸಾವಿರಾರು ಬಾರಿ. ಕೊನೆಗೆ ಎಲ್ಲವನ್ನೂ ಒಂದೇ ಓಟದಲ್ಲಿ ತೋರಿಸಿದರೆ ವಸ್ತು ತಾನಾಗಿಯೇ ಚಲಿಸಿದಂತೆ ಕಾಣುತ್ತದೆ. ಸರಿಸಿದ ಕೈ ಯಾವ ಫ್ರೇಮಿನಲ್ಲೂ ಇಲ್ಲ, ಏಕೆಂದರೆ ಕೈ ಆಡುವಾಗ ಕ್ಯಾಮೆರಾ ಆಡುತ್ತಿರಲಿಲ್ಲ.

ಆಗಿನ ಕ್ಯಾಮೆರಾಗಳಿಗೆ ಮೋಟಾರಿರಲಿಲ್ಲ, ಪಕ್ಕದಲ್ಲೊಂದು ತಿರುಗಿಸುವ ಹಿಡಿಕೆ. ಮಾಮೂಲಿ ಚಿತ್ರೀಕರಣದಲ್ಲಿ ಹಿಡಿಕೆಯ ಒಂದು ಸುತ್ತಿಗೆ 8 ಫ್ರೇಮ್ ಓಡುತ್ತಿದ್ದವು, ಸೆಕೆಂಡಿಗೆ ಎರಡು ಸುತ್ತು ಹಾಕಿದರೆ 16 ಫ್ರೇಮ್. ಹಲವು ಕ್ಯಾಮೆರಾಗಳಲ್ಲಿ ಹಿಡಿಕೆ ಸಿಕ್ಕಿಸಲು ಇನ್ನೊಂದು ಜಾಗವೂ ಇರುತ್ತಿತ್ತು. ಅಲ್ಲಿ ಒಂದು ಸುತ್ತಿಗೆ ಒಂದೇ ಫ್ರೇಮ್. ಇಂಥ ಚಿತ್ರಗಳಿಗೆ ಬೇಕಾದದ್ದು ಅದು.

ಇನ್ನು ಲೆಕ್ಕ. ಸೆಕೆಂಡಿಗೆ 16ರಂತೆ 12 ನಿಮಿಷಕ್ಕೆ 11,520 ಫ್ರೇಮ್. ಒಂದೊಂದು ಭಂಗಿಯನ್ನು ಎರಡೆರಡು ಫ್ರೇಮಿಗೆ ಹಿಡಿದು ಶ್ರಮ ಅರ್ಧ ಮಾಡಿಕೊಳ್ಳುವ ಉಪಾಯವಿದೆ. ಹಾಗೆ ಮಾಡಿದರೂ ಭಂಗಿಗಳ ಸಂಖ್ಯೆ ಸಾವಿರಗಳಿಂದ ಕೆಳಗಿಳಿಯುವುದಿಲ್ಲ. ಚಿತ್ರದಲ್ಲಿ ಮಿಡತೆ ತನ್ನ ಕ್ಯಾಮೆರಾದ ಹಿಡಿಕೆ ತಿರುಗಿಸುವುದನ್ನು ನೋಡಿದಾಗ ನನಗೆ ನಗು ತಡೆಯಲಾಗಲಿಲ್ಲ: ಮಿಡತೆಯ ಹಿಡಿಕೆ ಒಂದು ಸುತ್ತು ಬರಲು ಸ್ಟಾರೆವಿಚ್ ತಮ್ಮ ಹಿಡಿಕೆಯನ್ನು ಎಷ್ಟು ಸುತ್ತು ತಿರುಗಿಸಿರಬೇಕು!

ನಿಂತ ಚಿತ್ರ ಓಡುವುದು ಎಲ್ಲಿ?

ತೆರೆಯ ಮೇಲೆ ಯಾವ ಚಿತ್ರವೂ ಚಲಿಸುವುದಿಲ್ಲ. ಒಂದು ನಿಂತ ಚಿತ್ರ, ಕ್ಷಣಕಾಲ ಕತ್ತಲು, ಮತ್ತೊಂದು ನಿಂತ ಚಿತ್ರ. ಚಲನೆ ಹುಟ್ಟುವುದು ನಮ್ಮ ತಲೆಯೊಳಗೆ.

ಇದಕ್ಕೆ ಪಠ್ಯಪುಸ್ತಕಗಳಲ್ಲಿ ಸಾಮಾನ್ಯವಾಗಿ ಸಿಗುವ ವಿವರಣೆ, ಕಂಡ ಚಿತ್ರ ಕಣ್ಣಿನಲ್ಲಿ ಕ್ಷಣಕಾಲ ಉಳಿಯುತ್ತದೆ ಎನ್ನುವುದು. ಅದು ಅರ್ಧ ಮಾತ್ರ ಸರಿ. ನಡುವಿನ ಕತ್ತಲು ನಮಗೆ ಯಾಕೆ ಕಾಣುವುದಿಲ್ಲ ಎಂಬುದಕ್ಕೆ ಅದು ಉತ್ತರವಾದೀತು. ಆದರೆ ಚಿತ್ರಗಳು ಬರೀ ಕಣ್ಣಲ್ಲಿ ಉಳಿಯುತ್ತಿದ್ದರೆ ಒಂದರ ಮೇಲೊಂದು ಕಲಸಿ ಮಸುಕಾಗಬೇಕಿತ್ತು, ಓಟವಾಗಿ ಕಾಣಬೇಕಿರಲಿಲ್ಲ. ಉಳಿದರ್ಧ ಮಿದುಳಿನ ಕೆಲಸ. ‘ಆಗ ಅಲ್ಲಿತ್ತು, ಈಗ ಇಲ್ಲಿದೆ, ಅಂದರೆ ಅಲ್ಲಿಂದ ಇಲ್ಲಿಗೆ ಬಂತು’ ಎಂದು ಅದು ತಾನೇ ತೀರ್ಮಾನಿಸಿ ನಡುವಿನ ದಾರಿಯನ್ನು ತುಂಬಿಕೊಳ್ಳುತ್ತದೆ. ಈ ಬಗ್ಗೆ ಜರ್ಮನಿಯ ಮನೋವಿಜ್ಞಾನಿ ಮ್ಯಾಕ್ಸ್ ವರ್ತೈಮರ್ ತಮ್ಮ ಪ್ರಸಿದ್ಧ ಪ್ರಯೋಗಗಳನ್ನು ಪ್ರಕಟಿಸಿದ್ದು 1912ರಲ್ಲೇ, ಮಿಡತೆ ಸೇಡು ತೀರಿಸಿಕೊಂಡ ವರ್ಷವೇ.

ಮಿನುಗುವುದನ್ನು ತಪ್ಪಿಸಲು ಪ್ರೊಜೆಕ್ಟರಿನವರೂ ಒಂದು ಉಪಾಯ ಕಂಡುಕೊಂಡಿದ್ದರು. ದೀಪದ ಮುಂದೆ ತಿರುಗುವ ರೆಕ್ಕೆಗಳಿಂದ ಒಂದೇ ಫ್ರೇಮಿನ ಬೆಳಕನ್ನು ಎರಡು ಮೂರು ಸಲ ಕತ್ತರಿಸುತ್ತಿದ್ದರು. 16 ಚಿತ್ರಗಳು ಮೂರರಂತೆ 48 ಸಲ ಮಿಂಚಿದಾಗ ಕಣ್ಣಿಗೆ ಬೆಳಕು ಬಹುಮಟ್ಟಿಗೆ ಸಮನಾಗಿ ಕಾಣುತ್ತದೆ.

ಕೀಟಗಳೇ ಯಾಕೆ?

ಸತ್ತ ಇಲಿಯನ್ನೋ ಹಕ್ಕಿಯನ್ನೋ ಹೀಗೆ ಆಡಿಸಲು ಹೋದರೆ ಎರಡೇ ದಿನಕ್ಕೆ ಕೊಳೆಯುತ್ತದೆ, ಚರ್ಮ ಸುಕ್ಕಾಗುತ್ತದೆ. ಕೀಟದ ವಿಷಯ ಬೇರೆ. ಅದರ ಅಸ್ಥಿಪಂಜರ ಮೈಯ ಹೊರಗಿರುತ್ತದೆ. ಕೈಟಿನ್ ಎಂಬ ವಸ್ತುವಿನಿಂದಾದ ಗಟ್ಟಿ ಕವಚ ಒಣಗಿದರೂ ಆಕಾರ ಕೆಡುವುದಿಲ್ಲ. ಮ್ಯೂಸಿಯಮ್ಮುಗಳಲ್ಲಿ ನೂರಾರು ವರ್ಷದ ದುಂಬಿಗಳು ಇಂದಿಗೂ ಮಿರಮಿರ ಎನ್ನುವುದು ಇದಕ್ಕೇ. ಒಣಗಿದ ಕೀಟದ ಕಾಲು ಮಾತ್ರ ಮುಟ್ಟಿದರೆ ಲಟಕ್ಕೆಂದು ಮುರಿಯುತ್ತದೆ. ತಂತಿಯ ಕಾಲು ಹಾಕುವ ಉಪಾಯ ಬಗೆಹರಿಸಿದ್ದು ಆ ಒಂದು ತೊಡಕನ್ನು.

ಇನ್ನೊಂದು ಅನುಕೂಲ ಮುಖದ್ದು. ದುಂಬಿಯ ಮುಖದಲ್ಲಿ ಸ್ನಾಯುಗಳ ಆಟವಿಲ್ಲ, ನಗುವೂ ಇಲ್ಲ ಅಳುವೂ ಇಲ್ಲ. ಹಾಗಾಗಿ ಮುಖಭಾವ ಬದಲಿಸುವ ಗೋಜೇ ಇಲ್ಲ. ಸಿಟ್ಟು, ನಾಚಿಕೆ, ಕಳ್ಳತನ ಎಲ್ಲವೂ ಮೈಯ ಬಾಗು, ಮೀಸೆಯ ಅಲುಗು, ಕಾಲಿನ ಗತ್ತಿನಲ್ಲೇ ಬರಬೇಕು. ಬಂದಿದೆ ಕೂಡ. ಮುಖದಲ್ಲಿ ಏನೂ ಬದಲಾಗದಿದ್ದರೂ ಗಂಡ ದುಂಬಿಯ ಠೇಂಕಾರ ನಮಗೆ ಗೊತ್ತಾಗಿಬಿಡುತ್ತದೆ.

ನಿಜವಾದ ಕೀಟ ನಡೆಯುವಾಗ ಆರು ಕಾಲುಗಳಲ್ಲಿ ಮೂರು ನೆಲದ ಮೇಲೆ, ಮೂರು ಗಾಳಿಯಲ್ಲಿ. ಇದನ್ನು ಫ್ರೇಮ್ ಫ್ರೇಮಿಗೂ ಸರಿದೂಗಿಸುವುದು ತಲೆನೋವಿನ ಕೆಲಸ. ಸ್ಟಾರೆವಿಚ್ ಅವರ ದುಂಬಿಗಳು ಹಿಂಗಾಲ ಮೇಲೆ ನೆಟ್ಟಗೆ ನಿಂತು ನಡೆಯುತ್ತವೆ, ಮುಂಗಾಲುಗಳು ಕೈಗಳಾಗುತ್ತವೆ. ಹೀಗೆ ಮನುಷ್ಯರ ಕತೆ ಹೇಳಲೂ ದಾರಿಯಾಯಿತು.

ಕೆಲಸ ಮಾತ್ರ ಬೆನ್ನು ಮುರಿಯುವಂಥದು. ಇಂದು ಇಂಥ ಚಿತ್ರ ಮಾಡುವವರಿಗೆ ಹಿಂದಿನ ಫ್ರೇಮ್ ಎದುರಿನ ಪರದೆಯಲ್ಲೇ ಕಾಣುತ್ತದೆ, ಎಷ್ಟು ಸರಿಸಿದೆವು ಎಂದು ತಾಳೆ ನೋಡಬಹುದು. 1912ರಲ್ಲಿ ಫಿಲ್ಮು ತೊಳೆದು ಬರುವವರೆಗೆ ಏನಾಗಿದೆ ಎಂದು ತಿಳಿಯುವ ದಾರಿಯೇ ಇಲ್ಲ. ಯಾವ ಕಾಲು ಎತ್ತ ಹೋಗುತ್ತಿತ್ತು, ಮೀಸೆ ಮೇಲಿತ್ತೋ ಕೆಳಗಿತ್ತೋ ಎಲ್ಲವೂ ಮನಸ್ಸಿನಲ್ಲಿರಬೇಕು. ನಡುವೆ ಮೇಜಿಗೆ ಮೊಣಕೈ ತಗುಲಿದರೆ ಆ ಶಾಟ್ ಮೊದಲಿನಿಂದ.

ಲಂಡನ್ನಿನವರು ದಡ್ಡರಲ್ಲ

ಈ ಕೀಟ ಚಿತ್ರಗಳು ಲಂಡನ್ನಿನಲ್ಲಿ ತೆರೆ ಕಂಡಾಗ ಅಲ್ಲಿನ ಪತ್ರಿಕೆಗಳು ‘ಕೀಟಗಳನ್ನು ಯಾರೋ ವಿಜ್ಞಾನಿ ಪಳಗಿಸಿದ್ದಾನೆ’ ಎಂಬರ್ಥದಲ್ಲಿ ಬರೆದವು ಎಂಬ ಸಂಗತಿಯನ್ನು ಸ್ಟಾರೆವಿಚ್ ಬಗ್ಗೆ ಬರೆಯುವವರೆಲ್ಲ ಹೇಳುತ್ತಾರೆ. ಜೊತೆಗೊಂದು ಸಣ್ಣ ನಗೆಯನ್ನೂ ಸೇರಿಸುತ್ತಾರೆ. ಆ ನಗೆ ಅಷ್ಟು ನ್ಯಾಯವಲ್ಲ.

ಯಾಕೆಂದರೆ ಅದಕ್ಕೆ ಸ್ವಲ್ಪ ಮೊದಲು, 1910ರಲ್ಲಿ, ಪರ್ಸಿ ಸ್ಮಿತ್ ಎಂಬ ಇಂಗ್ಲೆಂಡಿನ ಸಿನಿಮಾ ತಯಾರಕರು ತಮ್ಮ ಚಿತ್ರದಲ್ಲಿ ನೊಣವೊಂದು ಬೆನ್ನ ಮೇಲೆ ಮಲಗಿ ಕಾಲಿನಿಂದ ಚೆಂಡು ತಿರುಗಿಸುವುದನ್ನು ತೋರಿಸಿದ್ದರು. ಆ ನೊಣ ಜೀವಂತವಾಗಿತ್ತು! ಅದಕ್ಕೆ ತರಬೇತಿಯೇನೂ ಇರಲಿಲ್ಲ. ಅಲುಗಾಡದಂತೆ ಹಿಡಿದಿಟ್ಟ ನೊಣದ ಕಾಲಿಗೆ ವಸ್ತು ಕೊಟ್ಟರೆ ಅದು ನಡೆಯುವ ಯತ್ನದಲ್ಲಿ ಕಾಲಾಡಿಸುತ್ತದೆ, ನೆಲದ ಬದಲು ಚೆಂಡು ಸರಿಯುತ್ತದೆ. ಚಿಗಟಗಳ ಸರ್ಕಸ್ಸನ್ನೂ ಯುರೋಪಿನ ಜನ ಕಂಡಿದ್ದರು. ನೊಣ ಚೆಂಡಾಡುವುದನ್ನು ಕಣ್ಣಾರೆ ಕಂಡವರು ದುಂಬಿ ಕೊಡೆ ಹಿಡಿಯುವುದನ್ನು ನಂಬಿದರೆ ಅದರಲ್ಲಿ ತಪ್ಪೇನು? ಲೂಮಿಯೇರ್ ಸಹೋದರರು ಪ್ಯಾರಿಸಿನಲ್ಲಿ ಟಿಕೆಟ್ ಇಟ್ಟು ಸಿನಿಮಾ ತೋರಿಸಿದ್ದು 1895ರ ಡಿಸೆಂಬರಿನಲ್ಲಿ. ಸಿನಿಮಾಕ್ಕೆ ಇನ್ನೂ ಇಪ್ಪತ್ತು ತುಂಬಿರಲಿಲ್ಲ.

ಮತ್ತೊಂದು ಕಾರಣ ನನಗೆ ಹೊಳೆದದ್ದು. ಓಡುವ ನಾಯಿಯನ್ನು ಮಾಮೂಲಿ ಕ್ಯಾಮೆರಾದಲ್ಲಿ ಹಿಡಿದರೆ ಪ್ರತಿ ಫ್ರೇಮಿನಲ್ಲೂ ಕಾಲು ಸ್ವಲ್ಪ ಮಸುಕಾಗಿರುತ್ತದೆ, ಆ ಮಸುಕು ಓಟವನ್ನು ನಯವಾಗಿಸುತ್ತದೆ. ಸ್ಟಾಪ್ ಮೋಷನ್ನಿನಲ್ಲಿ ಪ್ರತಿ ಫ್ರೇಮೂ ನಿಂತ ವಸ್ತುವಿನದು, ಎಲ್ಲವೂ ಚೂಪು. ಆದ್ದರಿಂದ ಚಲನೆ ಕೊಂಚ ಕುಲುಕುಲುಕಾಗುತ್ತದೆ. ನಾಯಿಯಾಗಿದ್ದರೆ ಇದು ತಕ್ಷಣ ಕಣ್ಣಿಗೆ ಹೊಡೆಯುತ್ತಿತ್ತು. ಕೀಟಗಳು ಮೊದಲೇ ಹಾಗೆ, ತಟ್ಟನೆ ಸರಿದು ತಟ್ಟನೆ ನಿಲ್ಲುವವು. ವಿಧಾನದ ಕೊರತೆ ಅಲ್ಲಿ ಸಹಜತೆಯಾಗಿ ಕಂಡಿತು.

ಅದೇ ಹೊತ್ತಿಗೆ ನಮ್ಮಲ್ಲಿ

ಇದೇ 1912ರಲ್ಲಿ ಮುಂಬೈಯಲ್ಲಿ ದಾದಾಸಾಹೇಬ್ ಫಾಲ್ಕೆ ಅವರೂ ಕ್ಯಾಮೆರಾವನ್ನು ಒಂದೊಂದೇ ಫ್ರೇಮಿಗೆ ಓಡಿಸುತ್ತಿದ್ದರು. ಲಂಡನ್ನಿನಿಂದ ಕ್ಯಾಮೆರಾ ತಂದಿದ್ದ ಅವರಿಗೆ ದೊಡ್ಡ ಚಿತ್ರಕ್ಕೆ ಹಣ ಬೇಕಿತ್ತು. ಕುಂಡದಲ್ಲಿ ಬಟಾಣಿ ಬಿತ್ತಿ, ಮೊಳಕೆಯೊಡೆದು ಗಿಡವಾಗುವವರೆಗೆ ದಿನದಿನವೂ ಫ್ರೇಮ್ ತೆಗೆದು, ಒಂದು ನಿಮಿಷದ ಆಸುಪಾಸಿನ ಚಿತ್ರ ಮಾಡಿದರು. ಹಣ ಹೂಡುವವರಿಗೆ ತಮ್ಮ ಕಸುಬಿನ ಮೇಲೆ ನಂಬಿಕೆ ಹುಟ್ಟಿಸಲು ತೋರಿಸಿದ್ದು ಇದನ್ನೇ. ‘ರಾಜಾ ಹರಿಶ್ಚಂದ್ರ’ 1913ರ ಮೇ ತಿಂಗಳಲ್ಲಿ ತೆರೆಗೆ ಬಂತು. 1915ರಲ್ಲಿ ಫಾಲ್ಕೆ ಬೆಂಕಿಕಡ್ಡಿಗಳನ್ನು ಆಡಿಸಿ ಒಂದು ಕಿರುಚಿತ್ರವನ್ನೂ ಮಾಡಿದ್ದರು.

ಬಟಾಣಿ ಚಿತ್ರಕ್ಕೂ ದುಂಬಿ ಚಿತ್ರಕ್ಕೂ ಒಂದು ವ್ಯತ್ಯಾಸವಿದೆ. ಬಟಾಣಿ ತಾನೇ ಬೆಳೆಯುತ್ತದೆ, ಕ್ಯಾಮೆರಾ ಅದರ ಕಾಲವನ್ನು ಹಿಡಿಹಿಡಿಯಾಗಿ ಕುಗ್ಗಿಸುತ್ತದೆ. ಇದಕ್ಕೆ ಟೈಮ್ ಲ್ಯಾಪ್ಸ್ ಎನ್ನುತ್ತಾರೆ. ದುಂಬಿ ತಾನಾಗಿ ಏನೂ ಮಾಡುವುದಿಲ್ಲ, ಕಾಲವೂ ಚಲನೆಯೂ ಎರಡೂ ಮಾಡುವವನ ಕೈಯವು.

ಕಾರ್ಟೂನು, ಕಂಪ್ಯೂಟರ್, ಎಐ: ಇದು ಯಾವುದಕ್ಕೆ ಹತ್ತಿರ?

ಎಲ್ಲವನ್ನೂ ನಾವು ‘ಅನಿಮೇಷನ್’ ಎಂದು ಒಂದೇ ಮೂಟೆಗೆ ಕಟ್ಟುತ್ತೇವೆ. ಕಾರ್ಟೂನಿನಲ್ಲಿ ಪ್ರತಿ ಭಂಗಿಯನ್ನೂ ಕೈಯಲ್ಲಿ ಬರೆಯುತ್ತಾರೆ, ಕ್ಯಾಮೆರಾದ ಮುಂದಿರುವುದು ರೇಖೆ ಮತ್ತು ಬಣ್ಣ. ಕಂಪ್ಯೂಟರ್ ಅನಿಮೇಷನ್ನಿನಲ್ಲಿ ಪ್ರಾಣಿಯ ಆಕಾರವನ್ನು ಅಂಕಿಗಳಲ್ಲಿ ಕಟ್ಟಿ, ಅದಕ್ಕೆ ಕೀಲುಗಳನ್ನು ಕೊಟ್ಟು, ಕಲಾವಿದರು ಮುಖ್ಯ ಭಂಗಿಗಳನ್ನು ನಿಗದಿ ಮಾಡುತ್ತಾರೆ. ನಡುವಿನದನ್ನು ಬಹುಪಾಲು ಯಂತ್ರ ಲೆಕ್ಕ ಹಾಕುತ್ತದೆ. ಎಐ ವಿಡಿಯೊದಲ್ಲಿ ಆಕಾರ ಕಟ್ಟುವುದೂ ಇಲ್ಲ, ಕೀಲು ಕೊಡುವುದೂ ಇಲ್ಲ. ಲಕ್ಷಾಂತರ ದೃಶ್ಯಗಳಿಂದ ಕಲಿತ ಮಾದರಿಯೊಂದು, ಕೊಟ್ಟ ಮಾತಿಗೆ ಹೊಂದುವ ಚುಕ್ಕಿಗಳು ಹೇಗಿರಬಹುದು ಎಂದು ಅಂದಾಜಿಸಿ ಚಿತ್ರ ಹೊರಡಿಸುತ್ತದೆ.

ಸ್ಟಾರೆವಿಚ್ ಅವರ ಚಿತ್ರದಲ್ಲಿ ಯಾವ ಫ್ರೇಮನ್ನಾದರೂ ನಿಲ್ಲಿಸಿ ನೋಡಿ, ಅದು ಒಂದು ನಿಜವಾದ ಫೋಟೊ. ಆ ದುಂಬಿ ಆ ಮೇಜಿನ ಮೇಲೆ, ಆ ಬೆಳಕಿನಲ್ಲಿ, ಆ ಭಂಗಿಯಲ್ಲಿ ನಿಂತಿತ್ತು. ಸುಳ್ಳಿರುವುದು ಎರಡು ಫ್ರೇಮುಗಳ ನಡುವಿನ ಸಂದಿಯಲ್ಲಿ, ಕೈ ಬಂದು ಹೋದ ಆ ಬಿಡುವಿನಲ್ಲಿ. ಎಐ ವಿಡಿಯೊದ ಯಾವ ಫ್ರೇಮ್ ನಿಲ್ಲಿಸಿದರೂ ಅದರೆದುರು ಯಾವ ಪ್ರಾಣಿಯೂ ನಿಂತಿರಲಿಲ್ಲ. ಎರಡನ್ನೂ ‘ಟ್ರಿಕ್’ ಎಂದುಬಿಟ್ಟರೆ ಈ ಅಂತರ ಮರೆಯಾಗುತ್ತದೆ.

ಆಮೇಲೆ ಏನಾಯಿತು?

1917ರ ಕ್ರಾಂತಿಯ ನಂತರ ಸ್ಟಾರೆವಿಚ್ ಕುಟುಂಬ ರಷ್ಯಾ ತೊರೆದು ಫ್ರಾನ್ಸಿಗೆ ಬಂತು. ಪ್ಯಾರಿಸಿನ ಹತ್ತಿರದ ಫಾಂಟೆನೆ ಸು ಬುವಾ ಎಂಬಲ್ಲಿ ಮನೆಯನ್ನೇ ಸ್ಟುಡಿಯೊ ಮಾಡಿಕೊಂಡರು, ಮಗಳು ಐರೀನ್ ಜೊತೆಗೆ ನಿಂತರು. ನಿಜವಾದ ಕೀಟಗಳ ಜಾಗಕ್ಕೆ ನಿಧಾನವಾಗಿ ಕೈಯಲ್ಲಿ ಮಾಡಿದ ಪ್ರಾಣಿ ಗೊಂಬೆಗಳು ಬಂದವು. ನರಿಯೊಂದರ ಕತೆಯನ್ನು ಪೂರ್ಣಾವಧಿ ಚಿತ್ರವಾಗಿಯೂ ಮಾಡಿದರು, ಅದು ಮೊದಲು ತೆರೆ ಕಂಡದ್ದು 1937ರಲ್ಲಿ, ಬರ್ಲಿನ್ನಿನಲ್ಲಿ. ಅವರು ತೀರಿಕೊಂಡದ್ದು 1965ರಲ್ಲಿ.

ಸಾರಂಗ ದುಂಬಿಯ ಸ್ಥಿತಿ ಈಗ ಅಷ್ಟು ಚೆನ್ನಾಗಿಲ್ಲ. ಅದರ ಮರಿಹುಳು ಸತ್ತ ಮರದ ಬೊಡ್ಡೆಯಲ್ಲಿ ವರ್ಷಗಟ್ಟಲೆ ಬೆಳೆಯಬೇಕು. ತೋಟ, ಕಾಡುಗಳಲ್ಲಿ ಒಣಬೊಡ್ಡೆ ಕಿತ್ತು ಚೊಕ್ಕಟ ಮಾಡಿದಷ್ಟೂ ಅದಕ್ಕೆ ನೆಲೆ ತಪ್ಪುತ್ತದೆ. ಯುರೋಪಿಯನ್ ಒಕ್ಕೂಟದ ಕಾನೂನು ಇಂದು ಅದರ ನೆಲೆಗಳಿಗೆ ರಕ್ಷಣೆ ಕೊಟ್ಟಿದೆ.

ನೋಡಬೇಕೆನಿಸಿದರೆ

ಭಾರತದಲ್ಲಿ ಸಿನಿಮಾದ ಹಕ್ಕುಸ್ವಾಮ್ಯ ಬಿಡುಗಡೆಯಾದ ನಂತರ 60 ವರ್ಷ. ಆ ಲೆಕ್ಕದಲ್ಲಿ ಈ ಚಿತ್ರದ ಅವಧಿ ಎಂದೋ ಮುಗಿದಿದೆ. ಆದರೆ ಹೊಸದಾಗಿ ಕೂಡಿಸಿದ ಸಂಗೀತಕ್ಕೆ ಬೇರೆ ಹಕ್ಕು ಇರಬಹುದು, ಬಳಸಿಕೊಳ್ಳುವವರು ಗಮನಿಸಬೇಕು. ಅಂತರ್ಜಾಲದ ಪ್ರತಿಗಳಲ್ಲಿ ಕೇಳುವ ವಾದ್ಯಗಳು ಚಿತ್ರದವಲ್ಲ, ಆಮೇಲೆ ಸೇರಿಸಿದವು. ಒಮ್ಮೆ ದನಿ ಆರಿಸಿ ನೋಡಿದರೆ ಕಣ್ಣು ಕಾಲುಗಳ ಮೇಲೆ ಚೆನ್ನಾಗಿ ನಿಲ್ಲುತ್ತದೆ. ಒಂದೊಂದು ಪ್ರತಿ ಒಂದೊಂದು ವೇಗದಲ್ಲಿ ಓಡುವುದರಿಂದ ಅವಧಿಯೂ ಸ್ವಲ್ಪ ಹೆಚ್ಚುಕಡಿಮೆ ಕಾಣುತ್ತದೆ.

ಗೊಂಬೆ ಸಿನಿಮಾ ಎಂದುಕೊಂಡು ಮಕ್ಕಳನ್ನು ಪಕ್ಕದಲ್ಲಿ ಕೂರಿಸಿಕೊಳ್ಳುವವರಿಗೆ ಒಂದು ಮಾತು: ದುಂಬಿ ಯಾಕೆ ಹೋಟೆಲಿಗೆ ಹೋಯಿತು ಎಂದು ಅವರು ಕೇಳಿಯೇ ಕೇಳುತ್ತಾರೆ. ಉತ್ತರವನ್ನು ಮೊದಲೇ ತಯಾರಿಟ್ಟುಕೊಳ್ಳುವುದು ಒಳ್ಳೆಯದು.